ಗಲ್ಲಿಯ ಕಡೆಯ ಬಾಗಿಲು

ತುಟಿಗಳ ನಡುವೆ ಮೂರು ನಾಲ್ಕು ಗುಂಡುಪಿನ್ನು ಕಚ್ಚಿಕೊಂಡೇ ಕಾಕು ಮಾತಾಡುತ್ತಿದ್ದರು. ಒಂದು ಪಿನ್ನೂ ಬೀಳುತ್ತಿರಲಿಲ್ಲ, ಒಂದು ಮಾತೂ ತೊದಲುತ್ತಿರಲಿಲ್ಲ. ನನಗೆ ಅವರು ಸಂಬಂಧಿಯಲ್ಲ; ಚಿಕ್ಕಮ್ಮ ಅನ್ನುವ ಹಾಗೆ ಎಲ್ಲರೂ ಅವರನ್ನು ಕಾಕು ಅನ್ನುತ್ತಿದ್ದರು. ಧಾರವಾಡದ ಕಡೆಯ ವಿಧವೆ. ಪುಣೆಯ ಹಳೆಯ ಪೇಟೆಯಲ್ಲಿ, ಗಂಡನ ಮನೆತನದ ದೊಡ್ಡ ವಾಡೆಯೊಂದರಲ್ಲಿ ಹೊಲಿಗೆ ಕ್ಲಾಸು ನಡೆಸುತ್ತಿದ್ದರು. ತೊಂಬತ್ತರ ದಶಕದ ನಡುವೆ ಬೆಳಗಾವಿಯಿಂದ ಮದುವೆಯಾಗಿ ಬಂದ ನಾನು ಅವರ ಬಳಿ ಕಲಿಯಲು ಸೇರಿದೆ. ಹೊಲಿಗೆ ಸೊಟ್ಟಗಾದರೆ ಅವರದು ಒಂದೇ ಮಾತು: "ಸಾರಿ ಅನಬ್ಯಾಡ. ಬಿಚ್ಚು."

ಕಾಕುವಿನ ಪಾಲಿಗೆ ಬಂದದ್ದು ಹಿಂದಿನ ಎರಡು ಕೋಣೆ. ಅಲ್ಲಿಗೆ ಹೋಗಲು ಅವರ ಭಾವನ ಪಡಸಾಲೆ ದಾಟಬೇಕು. ಒಂದು ಬೆಳಿಗ್ಗೆ ಆ ಭಾವ ಬಾಗಿಲಿಗೆ ಅಡ್ಡ ನಿಂತು ನಮ್ಮನ್ನು ತಡೆದರು.

"ಇದು ಮನಿ, ಸಂತಿ ಅಲ್ಲ. ನಾಳಿಂದ ಯಾರೂ ಬರಬ್ಯಾಡ್ರಿ."

ಗದ್ದಲ ಕೇಳಿ ಕಾಕು ಹೊರಗೆ ಬಂದರು. ಪಿನ್ನುಗಳನ್ನು ಒಂದೊಂದಾಗಿ ಬಾಯಿಂದ ತೆಗೆದು ಸೆರಗಿಗೆ ಚುಚ್ಚಿಕೊಂಡರು.

"ಆತ್ರಿ, ಭಾವನೋರ. ನಿಮ್ಮ ಬಾಗಿಲಾ ನಿಮಗ ಇರಲಿ. ನಾ ನಂದೊಂದು ಬಾಗಿಲಾ ಮಾಡ್ಕೋತೀನಿ."

ಅವರ ಕೋಣೆಯ ಹಿಂಗೋಡೆಯ ಆಚೆ ಗಲ್ಲಿಯಿತ್ತು. ಎರಡಡಿ ದಪ್ಪದ ಇಟ್ಟಿಗೆ-ಸುಣ್ಣದ ಗೋಡೆ, ಮೇಲೆ ಮಾಳಿಗೆಯ ಭಾರ. ಪಾಲುಪತ್ರದ ಪ್ರಕಾರ ಗೋಡೆ ಕಾಕುವಿನದೇ. ಪಾಲಿಕೆಯ ಕಚೇರಿಗೆ ಅಲೆದು ಪರವಾನಗಿಯನ್ನೂ ತಂದರು. ಅಲ್ಲಿಯವರೆಗೆ ನಮ್ಮ ಕ್ಲಾಸು ಗುಡಿಯ ಕಟ್ಟೆಯ ಮೇಲೆ ನಡೆಯಿತು.

ಕಲಬುರ್ಗಿ ಕಡೆಯ ಗೌಂಡಿಯೊಬ್ಬ ಬಂದ. ಅವನನ್ನು ಭಾವ ತಡೆಯಲಿಲ್ಲ. ಗೋಡೆ ನೋಡಿ ತಾನೇ ಓಡಿಹೋಗುತ್ತಾನೆ ಅಂದುಕೊಂಡಿದ್ದರಂತೆ. ಅವನು ಓಡಲಿಲ್ಲ. "ಮೊದಲ ಮ್ಯಾಲ ಕಲ್ಲಿನ ತೊಲಿ ಕೂಡಿಸಬೇಕ್ರಿ, ಅಕ್ಕಾರ. ಅದು ಭಾರ ಹೊತ್ತಮ್ಯಾಲೇ ಕೆಳಗಿನ ಇಟ್ಟಂಗಿ ತೆಗೀಬೇಕು. ಅವಸರ ಮಾಡಿದ್ರ ಮಾಳಿಗಿ ತಲಿಮ್ಯಾಲ ಬರ್ತದ." ಮಾಳಿಗೆಗೆ ಕಂಬಗಳ ಆಸರೆ ಕೊಟ್ಟು, ಒಳಗಿನಿಂದ ಅರ್ಧ ಗೋಡೆ ಕೊರೆದು ಒಂದು ತೊಲೆ ಕೂಡಿಸಿದ. ಅದು ಬಿಗಿಯಾದ ಮೇಲೆ ಹೊರಗಿನಿಂದ ಇನ್ನೊಂದು. ಎರಡು ವಾರ ಕಳೆದು, "ತೊಲಿ ಕುಂತದ್ರಿ, ನಾಳೆ ಒಡೆಯೋಣು" ಎಂದು ಹೋದವನು ಮರುದಿನ ಬರಲೇ ಇಲ್ಲ. ಗೋಡೆ ಬಿದ್ದರೆ ಜೈಲು ಕಾಣಿಸುತ್ತೇನೆಂದು ಭಾವ ಹೆದರಿಸಿದ್ದರು.

ಅವನ ಉಳಿ, ಸುತ್ತಿಗೆಗಳು ಕೋಣೆಯಲ್ಲೇ ಇದ್ದವು. ಕಾಕು ಅವುಗಳಲ್ಲಿ ಅರ್ಧ ಹೊತ್ತುಕೊಂಡು ಗುಡಿಗೆ ಬಂದರು.

"ಇವತ್ತ ಕತ್ರಿ ಬಿಡ್ರಿ, ಸುತ್ತಿಗಿ ಹಿಡೀರಿ. ಮ್ಯಾಲಿನ ಸಾಲಿನಿಂದ ಸುರು ಮಾಡ್ರಿ. ಗೌಂಡಿ ಹಾಕಿದ ಗೆರಿ ದಾಟಬ್ಯಾಡ್ರಿ."

ಗಲ್ಲಿಯಿಂದ ನಾವು ಆರು ಮಂದಿ, ಒಳಗಿನಿಂದ ಕಾಕು ಒಬ್ಬರೇ. ನನ್ನ ಅಂಗೈ ಬೊಬ್ಬೆ ಬಂದು ಒಡೆಯಿತು. ಗಲ್ಲಿಯವರು ಸುತ್ತ ನೆರೆದರು. ಸಂಜೆ ಮನೆಗೆ ಹೋಗುವಷ್ಟರಲ್ಲಿ ಸುದ್ದಿ ಅತ್ತೆಗೆ ಮುಟ್ಟಿತ್ತು.

"ಮರ್ಯಾದಸ್ತರ ಸೊಸಿ ಬೀದ್ಯಾಗ ನಿಂತು ಗೋಡಿ ಒಡೀತಾಳೇನು?"

"ಹೌದ್ರಿ, ಒಡೀತಾಳ. ನಾಳೆನೂ ಹೋಗಾಕಿನ," ಎಂದೆ. ಆ ಮನೆಯಲ್ಲಿ ನಾನು ಎದುರಾಡಿದ್ದು ಅದೇ ಮೊದಲು. ಹೇಳಿದಂತೆ ಹೋದೆ.

ಮರುದಿನ ಮಧ್ಯಾಹ್ನ ನನ್ನೆದುರಿನ ಇಟ್ಟಿಗೆಯೊಂದು ಒಳಕ್ಕೆ ಸರಿದು, ಆ ಸಂದಿನಿಂದ ಸುಣ್ಣ ಮೆತ್ತಿದ ಕಾಕುವಿನ ಕೈ ಹೊರಬಂತು. ನಾನದನ್ನು ಹಿಡಿದುಕೊಂಡೆ. ಅಷ್ಟರಲ್ಲಿ ಭಾವ ಗಲ್ಲಿಗೆ ಬಂದು ಕೂಗಾಡಿದರು. "ಗೋಡಿ ಬಿದ್ರ ಏನ್ ಮಾಡ್ತಿ?"

ಒಳಗಿನಿಂದ ಉತ್ತರ ಬಂತು: "ಬಿದ್ರ ನನ್ನ ಮ್ಯಾಲ ಬೀಳ್ತದ. ನೀವು ದೂರ ನಿಲ್ರಿ."

ಗೋಡೆ ಬೀಳಲಿಲ್ಲ. ಮೂರನೆಯ ದಿನ ಗೌಂಡಿ ತಲೆ ತಗ್ಗಿಸಿಕೊಂಡು ಬಂದ. ಕಾಕು ಬೈಯಲಿಲ್ಲ. "ಬಂದೆಲ್ಲ, ಚೌಕಟ್ಟು ಸೀದಾ ಕೂಡಿಸು," ಎಂದರಷ್ಟೇ.

ಆ ಬಾಗಿಲಿನಿಂದ ಎಷ್ಟೋ ಹೆಂಗಸರು ಬಂದು, ಕಲಿತು, ತಮ್ಮ ಕಾಲ ಮೇಲೆ ನಿಂತರು. ನಾನು ಪುಣೆಯ ಹೊರಗಿನ ರಾಂಜಣಗಾಂವದ ಬಟ್ಟೆ ಕಾರ್ಖಾನೆಯೊಂದರಲ್ಲಿ ಎಂಟು ವರ್ಷ ದುಡಿದೆ. ಎರಡು ಸಾವಿರದ ದಶಕದ ಕೊನೆಗೆ ಕಾಕು ಹಾಸಿಗೆ ಹಿಡಿದರು. ನಾನು ಕೆಲಸ ಬಿಟ್ಟು ಅವರ ಕ್ಲಾಸು ನೋಡಿಕೊಳ್ಳತೊಡಗಿದೆ. ಮಲಗಿದಲ್ಲಿಂದಲೇ ಅವರು ನನ್ನ ಹೊಲಿಗೆಯಲ್ಲಿ ತಪ್ಪು ಹಿಡಿಯುತ್ತಿದ್ದರು. ಆ ಚಳಿಗಾಲ ತೀರಿಕೊಂಡರು.

ಹದಿಮೂರನೆಯ ದಿನದ ಊಟವಾದ ಮೇಲೆ, ಮುಪ್ಪಾಗಿದ್ದ ಭಾವ, ಗಂಡನ ಮನೆಯಿಂದ ಬಂದಿದ್ದ ಕಾಕುವಿನ ಒಬ್ಬಳೇ ಮಗಳನ್ನು ಕರೆದು, "ಇನ್ನ ಆ ಬಾಗಿಲಾ ಮುಚ್ಚಿಸಿಬಿಡೋಣು. ಯಾರು ಬರ್ತಾರ?" ಎಂದರು. ಮಗಳು ಕೋಣೆಯ ಕೀಲಿಯನ್ನು ನನ್ನ ಕೈಗಿಟ್ಟಳು.

"ನಾಳೆ ಹತ್ತು ಗಂಟೆಕ್ಕ ಹದಿನಾಕು ಮಂದಿ ಬರ್ತಾರ್ರಿ," ಎಂದೆ. "ಕಲಿಸಾಕಿ ನಾನು."