ವಾಪಸು ನಡೆಯುವ ಕೆಲಸ

ಮೊನ್ನೆ ತಂಬಿಟ್ಟಿಗೆಂದು ಅಕ್ಕಿ ಹುರಿಯುವಾಗ ಆ ಬಿಸಿ ವಾಸನೆಗೆ ಕ್ಯಾಮೆರಾದವರು ಮತ್ತೆ ನೆನಪಾದರು. ಮೇಗರವಳ್ಳಿಯ ನಮ್ಮ ಮನೆಯ ಹೊರಕೋಣೆಯಲ್ಲಿ ಒಂದು ಬೇಸಿಗೆ ಒಬ್ಬರೇ ಇದ್ದವರು. ಲೆನ್ಸಿಗೆ ಬೂಷ್ಟು ಹಿಡಿಯದಂತೆ ಪೆಟ್ಟಿಗೆಯಲ್ಲಿಡಲು ಹುರಿದ ಅಕ್ಕಿಯ ಗಂಟು ಬೇಕೆಂದು ವಾರಕ್ಕೊಮ್ಮೆ ಕೇಳುತ್ತಿದ್ದರು.

ಅವರು ಬಂದದ್ದು ಮಂಗಟ್ಟೆ ಹಕ್ಕಿಯ ಚಿತ್ರ ತೆಗೆಯಲು. ಮೊಟ್ಟೆಯಿಡಲು ಧೂಪದ ಮರದ ಪೊಟರೆಗೆ ಹೊಕ್ಕ ಹೆಣ್ಣು ಬಾಗಿಲನ್ನು ತಾನೇ ಒಳಗಿನಿಂದ ಮೆತ್ತಿ ಮುಚ್ಚಿಕೊಂಡು, ಕೊಕ್ಕಿನಷ್ಟು ಸಂದು ಮಾತ್ರ ಬಿಟ್ಟಿತ್ತು. ಗಂಡು ಹಣ್ಣು ತಂದು ಆ ಸಂದಿನಲ್ಲೇ ಕೊಡಬೇಕು. ಹೆಣ್ಣು ಆ ಮೆತ್ತಿದ ಗೋಡೆ ಒಡೆದು ಹೊರಬರುವುದನ್ನು ಹಿಡಿಯಬೇಕೆಂದು ಇವರು ಎರಡು ತಿಂಗಳು ಗೋಣಿಚೀಲ, ಸೊಪ್ಪು ಹೊದಿಸಿದ ಮರೆಗೂಡಿನಲ್ಲಿ ಕಾಲು ಚಾಚಲಾಗದೆ, ಕೆಮ್ಮಲಾಗದೆ ಸಂಜೆತನಕ ಕೂತರು.

ಒಬ್ಬರೇ ಹೋಗಿ ಕೂತರೆ ಗಂಡು ಹತ್ತಿರ ಸುಳಿಯುತ್ತಿರಲಿಲ್ಲ. ಇಬ್ಬರು ಹೋಗಿ ಒಬ್ಬರು ವಾಪಸು ನಡೆದರೆ, ಬಂದವರು ಹೋದರೆಂದು ಹಕ್ಕಿ ನಂಬುತ್ತದಂತೆ. ವಾಪಸು ನಡೆಯುವ ಕೆಲಸ ನನ್ನದು. ಹಾಲು ಕರೆದು, ಅವರಿಗೆ ಬುತ್ತಿ ಕಟ್ಟಿ, ಜೊತೆಗೆ ಹೋಗಿ, ಹಕ್ಕಿಗೆ ಕಾಣುವ ಹಾಗೆ ತಿರುಗಿ ಬರುತ್ತಿದ್ದೆ.

"ಹಕ್ಕಿ ನಂಬ್ತಾ ಇವತ್ತು? ನಾನಂತೂ ನಿನ್ನ ನಂಬಿ ಇಪ್ಪತ್ತು ವರ್ಷ ಆಯ್ತು" ಎಂದು ನಮ್ಮವರು ಕೀಟಲೆ ಮಾಡುತ್ತಿದ್ದರು.

ಒಂದು ಬೆಳಿಗ್ಗೆ ಕ್ಯಾಮೆರಾದವರಿಗೆ ಮೈ ಸುಡುವ ಜ್ವರ. ಆದರೂ ಹೆಗಲಿಗೆ ಚೀಲ ಏರಿಸಿ ಅಂಗಳಕ್ಕೆ ಇಳಿದಿದ್ದರು.

"ಗೋಡೆ ಬಿರುಕು ಬಿಟ್ಟಿದೆ ಅಕ್ಕ. ಇವತ್ತೋ ನಾಳೆಯೋ…"

"ಹಂಗಾರೆ ನಾಳೆ. ಇವತ್ತು ನಾನು ಬರಲ್ಲ."

ನಮ್ಮವರು ತೀರ್ಥಹಳ್ಳಿ ಬಸ್ಸು ಹತ್ತಿಯಾಗಿತ್ತು. ವಾಪಸು ನಡೆಯಲು ಬೇರೆ ಯಾರೂ ಇಲ್ಲ, ನಾನು ಹೋಗದಿದ್ದರೆ ಕ್ಯಾಮೆರಾದವರೂ ಹೋಗುವಂತಿರಲಿಲ್ಲ. ಗೊತ್ತಿದ್ದೇ ಹೇಳಿದ್ದೆ. ಗಂಜಿ ಬಡಿಸಿದೆ, ಎರಡು ತುತ್ತು ತಿಂದರು. ಮಲಗಲಿಲ್ಲ, ಕಿಟಕಿಯ ಸರಳು ಹಿಡಿದು ಕಾಡಿನ ಕಡೆಗೇ ನೋಡುತ್ತ ನಿಂತರು. ಮಧ್ಯಾಹ್ನ… ಹೌದು, ಮಧ್ಯಾಹ್ನವೇ ಇರಬೇಕು, ಮಂಗಟ್ಟೆಗಳು ಜೋರಾಗಿ ಕೂಗಿದವು. ಅವರು ತಿರುಗಿ ನನ್ನನ್ನು ನೋಡಿದರು, ಅಷ್ಟೆ.

ಮರುದಿನ ಇಬ್ಬರೂ ಹೋದೆವು. ಮರದ ಬುಡದಲ್ಲಿ ಗೋಡೆಯ ಒಣಗಿದ ಚಕ್ಕೆಗಳು ಬಿದ್ದಿದ್ದವು. ಪೊಟರೆ ಖಾಲಿ. ಒಂದು ಚಕ್ಕೆ ಎತ್ತಿ ಬೆರಳಲ್ಲಿ ಉಜ್ಜಿ, ಬರುವ ವರ್ಷ ಮತ್ತೆ ಬರುತ್ತೇನೆ ಅಂದರು. ಬೈದಿದ್ದರೆ ನನಗೆ ಹಗುರಾಗುತ್ತಿತ್ತು.

ಅವರಿಗೆ ಮತ್ತೆ ಬರಲಾಗಲಿಲ್ಲ. ಒಂದು ವರ್ಷ ಬೇರೆ ಕಾಡು, ಇನ್ನೊಂದು ವರ್ಷ ಬೆನ್ನುನೋವು… ಹೋದ ತಿಂಗಳು ಅವರ ಹೆಂಡತಿಯ ಫೋನು ಬಂತು. ಅವರು ತೀರಿಕೊಂಡು ವರ್ಷವಾಗುತ್ತ ಬಂತಂತೆ. ಅವರು ತೆಗೆದದ್ದನ್ನೆಲ್ಲ ಆಕೆ ಈಗ ಒಂದೊಂದಾಗಿ ನೋಡುತ್ತಿದ್ದಾರಂತೆ.

"ಎರಡು ತಿಂಗಳದ್ದೂ ಇದೆ ಅಕ್ಕ. ಹಕ್ಕಿ ಹೊರಗೆ ಬಂದ ದಿನದ್ದೇ ಇಲ್ಲ. ಯಾಕೆ ಅಂತ ನಿಮಗೆ ಗೊತ್ತಾ?"

"ಅವತ್ತು ಅವರಿಗೆ ಜ್ವರ ಇತ್ತು" ಅಂದೆ.

"ಪಾಪ, ನೀವಾದ್ರೂ ನೋಡ್ಕೊಂಡ್ರಲ್ಲ" ಎಂದು ಆಕೆ ನನ್ನ ಉಪಕಾರವನ್ನೇ ನೆನೆದರು. ಅವತ್ತು ಬರಲ್ಲ ಅಂದದ್ದು ನಾನೇ ಎಂಬುದನ್ನು ಹೇಳದೆ ಫೋನು ಇಟ್ಟೆ.