ಮಡಿಲಿಗೆ ಹಾಕಿದ ಕಾಯಿ

ತಿಪಟೂರಿನಲ್ಲಿ ಸ್ಕೂಟರ್ ರಿಪೇರಿ ಮಾಡುವ ಮುಸ್ಲಿಂ ಹುಡುಗನನ್ನು ನಾನು ರಿಜಿಸ್ಟರ್ ಮದುವೆಯಾಗಿ ಇನ್ನೂ ವಾರ ಕಳೆದಿರಲಿಲ್ಲ. ಅಪ್ಪ, ಅಣ್ಣ ಬಂದು ನನ್ನನ್ನು ಕಾರಿಗೆ ತುಂಬಿಕೊಂಡು ಶೆಟ್ಟಿಕೆರೆ ಕಡೆಯ ನಮ್ಮೂರಿಗೆ ತಂದರು. ಕೊಬ್ಬರಿ ಅಟ್ಟದ ಕೆಳಗಿನ ಕೋಣೆಗೆ ನೂಕಿ ಬೀಗ ಜಡಿದರು. ಅಪ್ಪ ಹತ್ತೂರಿಗೆ ನ್ಯಾಯ ಹೇಳುವ ಮನುಷ್ಯ. ಊರಿಗೆಲ್ಲ ವಿಷಯ ಗೊತ್ತಿತ್ತು, ಒಬ್ಬರೂ ತುಟಿ ಬಿಚ್ಚಲಿಲ್ಲ.

ಮೇಲೆ ಅಟ್ಟದ ತುಂಬ ಕೊಬ್ಬರಿಯಾಗಲೆಂದು ಒಣಗಲು ಬಿಟ್ಟ ತೆಂಗಿನಕಾಯಿ; ಒಳಗಿನ ನೀರು ಬತ್ತಿದರೆ ಕೊಬ್ಬರಿ ತಾನಾಗಿ ಚಿಪ್ಪಿನಿಂದ ಬಿಡುತ್ತದೆ. ಒಂದು ದಿನ ನಾನು ಬಾಗಿಲು ಬಡಿದು ಕೂಗಾಡುತ್ತಿದ್ದಾಗ ಅಪ್ಪ ಹೊರಗೆ ಅಣ್ಣನಿಗೆ ಹೇಳಿದ:

"ಇವ್ಳೂ ಅಟ್ಟದ ಕಾಯಿ ಕಣ್ಲಾ. ನೀರು ಬತ್ಲಿ ಬುಡು, ತಾನಾಗೇ ಚಿಪ್ಪು ಬುಡ್ತಾಳೆ."

ಅಣ್ಣ ನಕ್ಕ. ಆ ನಗುವನ್ನು ನಾನು ಇವತ್ತಿಗೂ ಕ್ಷಮಿಸಿಲ್ಲ.

ಅಮ್ಮ ಮಾತ್ರ ದಿನಾ ಸಂಜೆ ಒಳಗೆ ಬಂದು ತಲೆಗೆ ಎಣ್ಣೆ ಹಚ್ಚಿ, ಸಿಕ್ಕು ಬಿಡಿಸಿ, ಬಿಗಿಯಾಗಿ ಜಡೆ ಹೆಣೆದು, ಹೋಗುವಾಗ ತಾನೇ ಬೀಗ ಹಾಕಿಕೊಂಡು ಹೋಗುತ್ತಿದ್ದಳು. ಕಾರಿಗೆ ಎಳೆಯುವಾಗ ಹೊಡೆದ ಅಣ್ಣನ ಮೇಲೆ ಬರದಷ್ಟು ಸಿಟ್ಟು ಆ ಎಣ್ಣೆಗೈಯ ಮೇಲೆ ಬರುತ್ತಿತ್ತು. ಆದರೂ ಸಂಜೆಯಾದರೆ ಅದೇ ಕೈಗೆ ಕಾಯುತ್ತಿದ್ದೆ. ನಾಯಿ ಬುದ್ಧಿ ನನ್ನದು.

ನನ್ನ ಗಂಡ ಕೈಕಟ್ಟಿ ಕೂರಲಿಲ್ಲ. ಹೆಂಡತಿಯನ್ನು ಅಕ್ರಮವಾಗಿ ಕೂಡಿಹಾಕಿದ್ದಾರೆ, ಕರೆತಂದು ನಿಲ್ಲಿಸಿ ಎಂದು ಹೈಕೋರ್ಟಿನಲ್ಲಿ ಹೇಬಿಯಸ್ ಕಾರ್ಪಸ್ ಅರ್ಜಿ ಹಾಕಿದ. ನೋಟಿಸ್ ತಂದ ಪೊಲೀಸರಿಗೆ ಅಪ್ಪ ಎಳನೀರು ಕೊಚ್ಚಿಕೊಟ್ಟ.

"ಮಗ್ಳು ತೌರಿಗೆ ಬಂದವ್ಳೆ ಕಣ್ರೀ. ಕೂಡಾಕೋಕೆ ಅವ್ಳೇನು ಕುರಿಯಾ?"

ಅವರು ಎಳನೀರು ಕುಡಿದು, ಕೋರ್ಟಿಗೆ ಕರೆತರಬೇಕಾದ ದಿನ ಹೇಳಿ ಹೋದರು.

ಆ ದಿನ ಬೆಳಗ್ಗೆ ಅಮ್ಮ ನಡುಮನೆಯಲ್ಲಿ ಮಣೆ ಹಾಕಿದಳು.

"ಕುತ್ಕೋ ಕಣೇ. ಹೆಣ್ಮಗೀನ ಬರೀ ಮಡ್ಲಲ್ಲಿ ಕಳುಸ್ಬಾರ್ದು."

ಮಡಿಲು ತುಂಬುವುದೆಂದರೆ ಮಗಳನ್ನು ಗಂಡನ ಮನೆಗೆ ಹರಸಿ ಕಳಿಸುವುದು. ಅಮ್ಮ ಒಪ್ಪಿದಳು ಎಂದುಕೊಂಡು ಸೆರಗೊಡ್ಡಿ ಅತ್ತುಬಿಟ್ಟೆ. ಅಕ್ಕಿ, ಬೆಲ್ಲ, ಎಲೆ ಅಡಿಕೆ ಬಿದ್ದವು; ರವಿಕೆ ಕಣದಲ್ಲಿ ಸುತ್ತಿದ ಕಾಯಿ ಬಿತ್ತು. ಅಮ್ಮ ಸೆರಗನ್ನು ಗಂಟು ಹಾಕಿ ಸೊಂಟಕ್ಕೆ ಸಿಕ್ಕಿಸಿದಳು. ಕಾರಿನಲ್ಲಿ ಅಪ್ಪನದು ಒಂದೇ ಮಾತು.

"ತೌರಲ್ಲೇ ಇರ್ತೀನಿ ಅನ್ಬೇಕು. ಇಲ್ಲಾಂದ್ರೆ ನಮ್ ಪಾಲಿಗೆ ನೀನು ಸತ್ತಂಗೆ."

ನನಗೆ ಹೆದರಿಕೆಯಾಗಲಿಲ್ಲ. ಮಡಿಲು ಭಾರವಾಗಿತ್ತು.

ಕೋರ್ಟಿನಲ್ಲಿ ಅಪ್ಪನ ವಕೀಲರು ಆ ಮಡಿಲನ್ನೇ ತೋರಿಸಿದರು. "ಕೂಡಿಹಾಕಿದವರು ಮಡಿಲು ತುಂಬಿ ಕರೆತರುತ್ತಾರೆಯೇ ಸ್ವಾಮಿ?" ಇದು ಈ ವಕೀಲರು ಹೇಳಿಕೊಟ್ಟ ಉಪಾಯ ಎಂದು ಆಗ ತಿಳಿಯಿತು. ಹೇಳಿಕೊಟ್ಟವರು ಯಾರಾದರೇನು, ತುಂಬಿದ ಕೈ ಅಮ್ಮನದಲ್ಲವೇ ಎಂದುಕೊಂಡೆ.

ನ್ಯಾಯಾಧೀಶರು ನನ್ನನ್ನೇ ಕೇಳಿದರು, ಯಾರ ಜೊತೆ ಹೋಗುತ್ತೀಯಮ್ಮ ಎಂದು. ಎರಡೂ ಕೈಯಲ್ಲಿ ಮಡಿಲು ಹಿಡಿದುಕೊಂಡು "ಗಂಡನ ಜೊತೆ" ಎಂದೆ. ತಿರುಗಿ ನೋಡಿದರೆ ಅಮ್ಮ ಅಳುತ್ತಿರಲಿಲ್ಲ. ನನ್ನ ಸೆರಗಿನ ಗಂಟನ್ನು ನೋಡುತ್ತಿದ್ದಳು.

ತಿಪಟೂರಿಗೆ ಬಂದು ಅತ್ತೆಯ ಎದುರು ಗಂಟು ಬಿಚ್ಚಿದೆ. ರವಿಕೆ ಕಣದೊಳಗಿನ ಕಾಯಿಗೆ ಜುಟ್ಟಿರಲಿಲ್ಲ. ಮೂರು ಕಣ್ಣೂ ಕಾಣುವ ಹಾಗೆ ನುಣ್ಣಗೆ ಬೋಳಿಸಿತ್ತು. ನಮ್ಮ ಮನೆಯಲ್ಲಿ ಜುಟ್ಟಿನ ಕಾಯಿ ದೇವರಿಗೆ ಮತ್ತು ಮಡಿಲಿಗೆ. ಬೋಳು ಕಾಯಿ ಹೆಣದ ಮುಂದೆ ಒಡೆಯುವುದಕ್ಕೆ. ತೋಟದವರ ಮಗಳು ನಾನು, ಬಟ್ಟೆಯ ಮೇಲಿಂದ ಬೆರಳಾಡಿಸಿದ್ದರೂ ಗೊತ್ತಾಗುತ್ತಿತ್ತು. ಮಡಿಲು ತುಂಬಿ ಎಂದವರು ವಕೀಲರು. ಜುಟ್ಟು ಕಿತ್ತವಳು ಅಮ್ಮ. ನಾನು ಏನು ಹೇಳುತ್ತೇನೆಂದು ಅವಳಿಗೆ ಬೆಳಗ್ಗೆಯೇ ಗೊತ್ತಿತ್ತು.

ಅತ್ತೆಗೆ ಇದೊಂದೂ ತಿಳಿಯದು. ಕಾಯಿಯನ್ನು ಕಿವಿಯ ಹತ್ತಿರ ಅಲ್ಲಾಡಿಸಿ ಸಂತೋಷಪಟ್ಟರು.

"ನಿಮ್ಮಮ್ಮ ಎಷ್ಟು ಚೆನ್ನಾಗಿ ನಾರೆಲ್ಲಾ ತೆಗ್ದು ಕೊಟ್ಟವ್ರೆ ನೋಡು ಬೇಟಾ. ಅವ್ರ ಮನಸ್ಸು ಕರಗೈತೆ."

ಹೌದು ಎಂದೆ. ಅವರು ಅದನ್ನು ಒಡೆದು ಸಾರಿಗೆ ರುಬ್ಬಿದರು. ನಮ್ಮ ತೋಟದ ಕಾಯಿ, ರುಚಿಯಲ್ಲಿ ಮೋಸವಿಲ್ಲ. ಎರಡನೇ ಸಲ ಹಾಕಿಸಿಕೊಂಡು ಉಂಡೆ.