ಬಸ್ತ್ಯಾಂವ ಮಾಸ್ತರರ ತೀರ್ಪು

ಕಥೋಲಿಕರ ವಾರಪತ್ರಿಕೆಗೆ ಧರ್ಮವಾರ್ತೆ ಬರೆಯುತ್ತಿದ್ದ ಮಹಾರಥಿ ಬಸ್ತ್ಯಾಂವ ಮಾಸ್ತರರು ೧೯೧೨ರ ಸುಮಾರಿಗೆ ಸಿರಸಂಗಿಯಲ್ಲಿ ಶಾಲೆ ತೆರೆದಿದ್ದರು. ಸವದತ್ತಿಯಿಂದ ರಾಮದುರ್ಗದ ತನಕ ಯಾವ ದೇವರ ಕಾರ್ಯವಿದ್ದರೂ ಕೊಡೆಯನ್ನು ಖಡ್ಗದಂತೆ ಹಿಡಿದು ಹಾಜರಾಗುತ್ತಿದ್ದರು.

ಒಂದು ಮಧ್ಯಾಹ್ನ ಊರಲ್ಲಿ ಲಾವಣಿಯ ಸವಾಲ್-ಜವಾಬು ನಡೆಯಿತು. ಹರದೇಶಿ ಮೇಳದ ಮುದಕಪ್ಪ ಶಿವನೇ ದೊಡ್ಡವನೆಂದು ಹಾಡಿದ. ನಾಗೇಶಿ ಮೇಳದ ಬಾಯವ್ವ ಶಕ್ತಿಯೇ ದೊಡ್ಡವಳೆಂದು ಹಾಡಿದಳು. ಊರು ಎರಡು ಪಾಲಾಗಿ, ತೀರ್ಪಿನ ಭಾರ ಮಾಸ್ತರರ ತಲೆಗೆ ಬಂತು. ಯಾರನ್ನು ಸೋಲಿಸಿದರೂ ಅರ್ಧ ಶಾಲೆ ಖಾಲಿಯಾಗುವುದು ಖಂಡಿತ.

"ನಿಮ್ಮ ದೇವರ ನ್ಯಾಯ ನಾ ಹೆಂಗ ಮಾಡ್ಲೆವ್ವಾ?" ಎಂದು ಮಾಸ್ತರರು ನುಣುಚಿಕೊಂಡರು.

"ಹಂಗಾರ ನಿಮ್ಮದ ಹೇಳ್ರಿ," ಎಂದು ಬಾಯವ್ವ ಸೊಂಟಕ್ಕೆ ಕೈಯಿಟ್ಟಳು. "ಯೇಸು ದೊಡ್ಡಾಂವೋ, ಅವರವ್ವ ಮರಿಯವ್ವ ದೊಡ್ಡಾಕಿಯೋ?"

ಮಾಸ್ತರರು ಬೆವರೊರೆಸಿಕೊಂಡರು. "ಮಗನ ದೊಡ್ಡಾಂವ. ಆದ್ರ ಮದವಿ ಮನ್ಯಾಗ ದ್ರಾಕ್ಷಾರಸ ತೀರಿದಾಗ ಅವ್ವ ಒಂದ ಮಾತ ಹೇಳಿದ್ಲು, ಮಗ ನೀರನ್ನ ದ್ರಾಕ್ಷಾರಸ ಮಾಡಿಕೊಟ್ಟಾ."

"ಕೇಳಿದೇನಬೇ? ಮಗನ ದೊಡ್ಡಾಂವ," ಎಂದು ಮುದಕಪ್ಪ ಮೀಸೆ ತಿರುವಿದ.

"ಮಾತು ನಡದದ್ದು ಯಾರದೋ ತಮ್ಮಾ?" ಎಂದಳು ಬಾಯವ್ವ.

ಎರಡೂ ಮೇಳಗಳು ಗೆದ್ದೆವೆಂದು ಡಪ್ಪು ಬಾರಿಸುತ್ತ ಮನೆಗೆ ಹೋದವು. ಮರುದಿನ ಶಾಲೆ ತುಂಬಿತ್ತು. ಯಾರು ಗೆದ್ದರೆಂಬ ಮಕ್ಕಳ ಜಗಳದಲ್ಲಿ ಲೆಕ್ಕದ ಪಾಠ ಮಾತ್ರ ಸಾಗಲಿಲ್ಲ. ಎರಡೂ ಸಾಲಿನಲ್ಲಿ ಗೆದ್ದವರ ಮಕ್ಕಳೇ ಕೂತಿದ್ದರು.